ವಿಲಿಯಂ ಎಡ್ವರ್ಡ್ ಫಾರ್ಸ್ಟರ್

ವಿಲಿಯಂ ಎಡ್ವರ್ಡ್ ಫಾರ್ಸ್ಟರ್ (ಜುಲೈ 11, 1818 – ಏಪ್ರಿಲ್ 5, 1886) ವಿಕ್ಟೋರಿಯ ರಾಣಿಯ ಕಾಲದ ಇಂಗ್ಲೆಂಡಿನ ಉಣ್ಣೆ ಉದ್ಯಮಿ ಹಾಗೂ ಲಿಬರಲ್ ಪಕ್ಷದ ರಾಜಕಾರಣಿ. ಇಂಗ್ಲೆಂಡ್ ಮತ್ತು ವೇಲ್ಸ್‌ಗಳಲ್ಲಿ ಮಕ್ಕಳಿಗೆ ಸಾಕಷ್ಟು ಶಾಲೆಗಳನ್ನು ಒದಗಿಸುವುದು ಸಾರ್ವಜನಿಕ ಹೊಣೆಯೆಂದು ವಿಧಿಸಿದ 1870ರ ಪ್ರಾಥಮಿಕ ಶಿಕ್ಷಣ ಕಾಯಿದೆಯನ್ನು ರೂಪಿಸಿದವನು ಈತ. ಅದು ಫಾರ್ಸ್ಟರ್ ಕಾಯಿದೆಯೆಂದೇ ಹೆಸರಾಗಿದೆ.

ಆರಂಭಿಕ ಜೀವನ

ಈತ ಡಾರ್ಸೆಟ್ ಪ್ರಾಂತದ ಬ್ರಾಡ್‌ಪೋಲ್ ಗ್ರಾಮದಲ್ಲಿ ಕ್ವೇಕರ್ ಪಂಥದ ಧರ್ಮಪ್ರಚಾರಕ ದಂಪತಿಗಳ ಮಗನಾಗಿ ಜನಿಸಿದ. ಗುಲಾಮಗಿರಿಯ ವಿರುದ್ಧ ಹೋರಾಡಿದ ಥಾಮಸ್ ಫೊವೆಲ್ ಬಕ್ಸ್‌ಟನ್ ಈತನ ಸೋದರಮಾವ. ಬ್ರಾಡ್‌ಫರ್ಡ್ ನಗರದಲ್ಲಿ ಉಣ್ಣೆಯ ಉದ್ಯಮದಲ್ಲಿ ಏಳಿಗೆ ಹೊಂದಿದ ಈತ ಐರ್ಲೆಂಡಿನ ಮಹಾಕ್ಷಾಮದ ಕಾಲದಲ್ಲಿ ತಂದೆಯೊಡನೆ ಅಲ್ಲಿಗೆ ತೆರಳಿ ಪರಿಹಾರ ಕಾರ್ಯದಲ್ಲಿ ತೊಡಗಿದ.

1850ರಲ್ಲಿ ರಗ್ಬಿ ಶಾಲೆಯ ಪ್ರಸಿದ್ಧ ಮುಖ್ಯೋಪಾಧ್ಯಾಯ ಥಾಮಸ್ ಆರ್ನಾಲ್ಡನ ಮಗಳು ಜೇನ್‌ಳನ್ನು ವಿವಾಹವಾದ. ಪಂಥದ ಹೊರಗೆ ಮದುವೆಯಾದ ಕಾರಣ ಕ್ವೇಕರರು ಈತನನ್ನು ಹೊರಗಿಟ್ಟರು. ಕವಿಯೂ ಶಾಲಾ ತನಿಖಾಧಿಕಾರಿಯೂ ಆಗಿದ್ದ ಮ್ಯಾಥ್ಯೂ ಆರ್ನಾಲ್ಡ್ ಜೇನಳ ಸೋದರ. ಇನ್ನೊಬ್ಬ ಸೋದರ ವಿಲಿಯಂ ಪಂಜಾಬಿನ ಶಿಕ್ಷಣ ಇಲಾಖೆಯ ನಿರ್ದೇಶಕನಾಗಿದ್ದು, 1859ರಲ್ಲಿ ಸ್ವದೇಶಕ್ಕೆ ಮರಳುವ ದಾರಿಯಲ್ಲಿ ನಿಧನನಾದ. ತಾಯಿಯನ್ನೂ ಕಳೆದುಕೊಂಡಿದ್ದ ಅವನ ನಾಲ್ವರು ಮಕ್ಕಳನ್ನು, ಸ್ವಂತ ಮಕ್ಕಳಿಲ್ಲದ ಫಾರ್ಸ್ಟರ್ ದಂಪತಿಗಳು ದತ್ತು ಪಡೆದು ಸಾಕಿದರು.

1870ರ ಕಾಯಿದೆ

1861ರಲ್ಲಿ ಬ್ರಾಡ್‌ಫರ್ಡಿನಿಂದ ಸಂಸತ್ತಿಗೆ ಆಯ್ಕೆಯಾದ ಫಾರ್ಸ್ಟರ್, 1868ರಲ್ಲಿ ಗ್ಲ್ಯಾಡ್‌ಸ್ಟನ್‌ನ ಸರ್ಕಾರದಲ್ಲಿ ಶಿಕ್ಷಣದ ಹೊಣೆ ಹೊತ್ತ. ಆಗ ಬಡವರ ಮಕ್ಕಳ ಶಾಲೆಗಳು ಬಹುಮಟ್ಟಿಗೆ ಧಾರ್ಮಿಕ ಸಂಘಗಳ ಕೈಯಲ್ಲಿದ್ದವು. ಸರ್ಕಾರ 1833ರಿಂದ ಅವುಗಳಿಗೆ ಅನುದಾನವನ್ನಷ್ಟೇ ನೀಡುತ್ತಿತ್ತು. 1862ರಿಂದ ಆ ಅನುದಾನದ ಬಹುಭಾಗ ಓದು, ಬರಹ, ಲೆಕ್ಕಗಳ ಪರೀಕ್ಷೆಯಲ್ಲಿ ಮಕ್ಕಳು ಪಡೆದ ಫಲಿತಾಂಶವನ್ನು ಅವಲಂಬಿಸಿತ್ತು. ಉಪಾಧ್ಯಾಯರನ್ನು ಉರುಹೊಡೆಸುವವರನ್ನಾಗಿ ಮಾಡಿದ ಪದ್ಧತಿಯಿದು. ಇನ್ನು ಹೊಸ ಕೈಗಾರಿಕಾ ನಗರಗಳಲ್ಲಿ ಶಾಲೆಗಳೇ ಸಾಲದಾಗಿದ್ದವು.

ಶಾಲೆ ಬೇಕೆಂಬುದರಲ್ಲಿ ಹೆಚ್ಚು ಭಿನ್ನಾಭಿಪ್ರಾಯವಿರಲಿಲ್ಲ. ಅಲ್ಲಿ ಯಾರ ಧರ್ಮವನ್ನು ಬೋಧಿಸಬೇಕೆಂಬುದೇ ಜಗಳದ ಮೂಲ. ಬರ್ಮಿಂಗ್‌ಹ್ಯಾಮಿನ ರಾಷ್ಟ್ರೀಯ ಶಿಕ್ಷಣ ಲೀಗ್ ಪಂಥಾತೀತ, ಕಡ್ಡಾಯ, ಉಚಿತ ಶಿಕ್ಷಣವನ್ನು ಬಯಸಿತು. ಚರ್ಚಿನ ಬೆಂಬಲಿಗರು ತಮ್ಮ ಶಾಲೆಗಳನ್ನು ಉಳಿಸಿಕೊಳ್ಳಲು ಹೋರಾಡಿದರು. ಫಾರ್ಸ್ಟರ್ ಇದ್ದ ಶಾಲೆಗಳನ್ನು ಹಾಗೆಯೇ ಬಿಟ್ಟು ಕೊರತೆಯನ್ನು ತುಂಬುವ ಮಾರ್ಗ ಹಿಡಿದ. ಫೆಬ್ರವರಿ 17ರಂದು ಮಂಡಿಸಿದ ಮಸೂದೆ ದೀರ್ಘ ಚರ್ಚೆಯ ನಂತರ ಆಗಸ್ಟ್ 9ರಂದು ಕಾಯಿದೆಯಾಯಿತು.

ಶಾಲೆಗಳು ಸಾಲದ ಕಡೆ ಚುನಾಯಿತ ಶಾಲಾ ಮಂಡಳಿಗಳು ಸ್ಥಳೀಯ ತೆರಿಗೆಯ ಹಣದಿಂದ ಶಾಲೆ ಕಟ್ಟಬಹುದಾಗಿತ್ತು. 5ರಿಂದ 13 ವರ್ಷದ ಮಕ್ಕಳ ಹಾಜರಿಯನ್ನು ಕಡ್ಡಾಯಗೊಳಿಸುವುದು ಮಂಡಳಿಗಳ ಇಚ್ಛೆಗೆ ಬಿಟ್ಟ ವಿಷಯ. ವಾರಕ್ಕೆ ಒಂಬತ್ತು ಪೆನ್ಸ್‌ವರೆಗೆ ಶುಲ್ಕಕ್ಕೂ ಅವಕಾಶವಿತ್ತು. ಕೂಪರ್-ಟೆಂಪಲ್ ವಿಧಿಯು ಮಂಡಳಿಯ ಶಾಲೆಗಳಲ್ಲಿ ಯಾವುದೇ ಪಂಥದ ವಿಶಿಷ್ಟ ಧರ್ಮಸೂತ್ರಗಳ ಬೋಧನೆಯನ್ನು ನಿಷೇಧಿಸಿತು. ಸಂಸತ್ತಿಗೆ ಮತ ಹಾಕುವ ಹಕ್ಕೇ ಇಲ್ಲದ ಸ್ತ್ರೀಯರು ಈ ಮಂಡಳಿಗಳಿಗೆ ಸ್ಪರ್ಧಿಸಬಹುದಿತ್ತು. ಲಂಡನ್ನಿನ ಮೊದಲ ಮಂಡಳಿಗೆ ಎಲಿಜಬೆತ್ ಗ್ಯಾರೆಟ್ ಮತ್ತು ಎಮಿಲಿ ಡೇವಿಸ್ ಆಯ್ಕೆಯಾದುದು ಗಮನಾರ್ಹ.

ಹೆಚ್ಚು ಕೋಲಾಹಲವೆಬ್ಬಿಸಿದ್ದು ಚಿಕ್ಕದೊಂದು ವಿಧಿ, 25ನೆಯದು. ಬಡ ಮಕ್ಕಳು ಧಾರ್ಮಿಕ ಸಂಘಗಳ ಶಾಲೆಗೆ ಹೋದರೂ ಮಂಡಳಿ ಅವರ ಶುಲ್ಕವನ್ನು ತೆರಿಗೆ ಹಣದಿಂದ ಭರಿಸಬಹುದಿತ್ತು. ತಮ್ಮ ತೆರಿಗೆ ಆಂಗ್ಲಿಕನ್ ಚರ್ಚಿನ ಬೋಧನೆಗೆ ಸಲ್ಲುವುದೆಂದು ಅನ್ಯಪಂಥೀಯ ಪ್ರಾಟೆಸ್ಟೆಂಟರು ಕೆರಳಿದರು. ಜೋಸೆಫ್ ಚೇಂಬರ್ಲೇನ್ ಇವರ ಮುಖಂಡನಾಗಿ ಬೆಳೆದ. ಕ್ವೇಕರ್ ಮನೆತನದ ಫಾರ್ಸ್ಟರ್ ತಮಗೆ ದ್ರೋಹ ಬಗೆದನೆಂಬ ಕಹಿ ಅವರಲ್ಲಿ ಉಳಿಯಿತು. 1875ರಲ್ಲಿ ಗ್ಲ್ಯಾಡ್‌ಸ್ಟನ್ ಪಕ್ಷದ ನಾಯಕತ್ವ ಬಿಟ್ಟಾಗ ಈತ ಉತ್ತರಾಧಿಕಾರಿಯಾಗದೆ ಹೋದುದಕ್ಕೆ ಈ ಹಗೆತನ ಮುಖ್ಯ ಕಾರಣ.

ಕೊನೆಯ ವರ್ಷಗಳು

1872ರ ಗುಪ್ತ ಮತದಾನದ ಮಸೂದೆಯನ್ನು ಸಂಸತ್ತಿನಲ್ಲಿ ಮುನ್ನಡೆಸಿದವನೂ ಫಾರ್ಸ್ಟರನೇ. 1880ರಲ್ಲಿ ಐರ್ಲೆಂಡಿನ ಮುಖ್ಯ ಕಾರ್ಯದರ್ಶಿಯಾಗಿ ದಮನ ನೀತಿಯನ್ನು ಅನುಸರಿಸಿದ. ಹಿಂದೆ ಅದೇ ನಾಡಿನ ಹಸಿದವರಿಗೆ ಅನ್ನ ಹಂಚಿದವನಿಗೆ ಅಲ್ಲಿ ಬಕ್‌ಷಾಟ್ ಎಂಬ ಅಡ್ಡಹೆಸರು ಅಂಟಿತು. ಬಂಧನದಲ್ಲಿದ್ದ ಪಾರ್ನೆಲ್‌ನ ಬಿಡುಗಡೆಯನ್ನು ವಿರೋಧಿಸಿ 1882ರ ಮೇ ತಿಂಗಳಲ್ಲಿ ರಾಜೀನಾಮೆ ನೀಡಿದ. ಆತನ ಸ್ಥಾನಕ್ಕೆ ಬಂದ ಫ್ರೆಡರಿಕ್ ಕ್ಯಾವೆಂಡಿಷ್ ಮೇ 6ರಂದು ಡಬ್ಲಿನ್ನಿನಲ್ಲಿ ಕೊಲೆಯಾದ.

ಪ್ರಾಥಮಿಕ ಶಿಕ್ಷಣ ದೇಶದಾದ್ಯಂತ ಕಡ್ಡಾಯವಾದದ್ದು 1880ರಲ್ಲಿ. ಬಹುತೇಕ ಉಚಿತವಾಗಲು 1891ರವರೆಗೆ ಕಾಯಬೇಕಾಯಿತು. ಅದನ್ನು ಕಾಣಲು ಫಾರ್ಸ್ಟರ್ ಬದುಕಿರಲಿಲ್ಲ. 1886ರಲ್ಲಿ ಲಂಡನ್ನಿನಲ್ಲಿ ನಿಧನನಾದ ಈತನ ಸಮಾಧಿ ಯಾರ್ಕ್‌ಷೈರಿನ ಬರ್ಲಿ-ಇನ್-ವಾರ್ಫ್‌ಡೇಲ್‌ನಲ್ಲಿದೆ.