ಜೇಮ್ಸ್ ವಾಟ್ ಅವರ ಇನ್ನೊಂದು ಯಂತ್ರ

ಜೇಮ್ಸ್ ವಾಟ್ ಎಂದರೆ ಉಗಿಯಂತ್ರ, ಅಷ್ಟೇ ಎಂದು ನಾನು ತಿಳಿದಿದ್ದೆ. ಹೋದ ರಜೆಯಲ್ಲಿ ಮಾಮು ಹೊಸ ಮನೆಯ ಸಾಗವಾನಿ ಬಾಗಿಲಿಗೆ ಹೂಬಳ್ಳಿ ಕೆತ್ತಿಸಲು ಲಕ್ಷ್ಮೇಶ್ವರದ ಒಂದು ಅಂಗಡಿಗೆ ಹೋದಾಗ ನಾನೂ ಬಾಳೆಹೊಸೂರಿನಿಂದ ಜೊತೆಗೆ ಹೋದೆ. ಅಲ್ಲಿ ಕೆತ್ತುವುದು ಸಿಎನ್‌ಸಿ ಮಷೀನ್. ಕಂಪ್ಯೂಟರಿನ ಚಿತ್ರದಲ್ಲಿ ಬಿಳಿ ಇದ್ದಲ್ಲಿ ಉಬ್ಬು, ಕಪ್ಪು ಇದ್ದಲ್ಲಿ ತಗ್ಗು. ಸಾಫ್ಟ್‌ವೇರ್ ಆ ಬಣ್ಣವನ್ನು ಆಳದ ಲೆಕ್ಕಕ್ಕೆ ತಿರುಗಿಸಿ, ಬಿಟ್ ಎಲ್ಲಿ ಎಷ್ಟು ಇಳಿಯಬೇಕು ಎಂದು ದಾರಿ ಹಾಕಿಕೊಡುತ್ತದೆ. ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಇಂಥ ಕೆಲಸವನ್ನು ಯಂತ್ರದಿಂದ ಯಾರಾದರೂ ಮಾಡಿದ್ದರೇ ಎಂದು ಹುಡುಕಿದಾಗ ಸಿಕ್ಕವರು ಇದೇ ವಾಟ್!

ಅವರು ಹುಟ್ಟಿದ್ದು 1736ರ ಜನವರಿ 19ರಂದು, ಸ್ಕಾಟ್ಲೆಂಡಿನ ಗ್ರೀನಾಕ್‌ನಲ್ಲಿ. ಗ್ಲಾಸ್ಗೋ ವಿಶ್ವವಿದ್ಯಾಲಯದಲ್ಲಿ ಉಪಕರಣ ತಯಾರಿಸುವ, ರಿಪೇರಿ ಮಾಡುವ ಕೆಲಸ. ಉಗಿಯನ್ನು ಬೇರೆ ಪಾತ್ರೆಯಲ್ಲಿ ತಣಿಸಿದರೆ ಕಲ್ಲಿದ್ದಲು ಉಳಿಯುತ್ತದೆಂದು 1765ರಲ್ಲಿ ಹೊಳೆಯಿತು. 1769ರಲ್ಲಿ ಪೇಟೆಂಟ್ ಸಿಕ್ಕಿತು, 1775ರಲ್ಲಿ ಮ್ಯಾಥ್ಯೂ ಬೌಲ್ಟನ್ ಪಾಲುದಾರರಾದರು. ಯಂತ್ರ ಹಾಕಿಸಿಕೊಂಡವರು ಹಳೆಯ ಯಂತ್ರಕ್ಕಿಂತ ಎಷ್ಟು ಕಲ್ಲಿದ್ದಲು ಉಳಿಸಿದರೋ ಅದರ ಬೆಲೆಯ ಮೂರನೇ ಒಂದು ಭಾಗವನ್ನು ಇವರಿಗೆ ಕೊಡಬೇಕು. ಕಾಮರ್ಸ್ ಓದುವ ನನಗೆ ಈ ಲೆಕ್ಕ ಬಹಳ ಹಿಡಿಸಿತು. 1800ರಲ್ಲಿ ಪೇಟೆಂಟ್ ಅವಧಿ ಮುಗಿಯಿತು, ವಾಟ್ ವ್ಯಾಪಾರದಿಂದ ನಿವೃತ್ತರಾದರು.

1802ರಲ್ಲಿ ಪ್ಯಾರಿಸ್ಸಿಗೆ ಹೋದಾಗ ಪದಕಗಳ ಉಬ್ಬುಚಿತ್ರವನ್ನು ನಕಲು ಮಾಡುವ ಯಂತ್ರವೊಂದನ್ನು ನೋಡಿದರು. ಎರಡು ವರ್ಷದಲ್ಲಿ ಮಗ ಗ್ರೆಗರಿ ಕ್ಷಯದಿಂದ ತೀರಿಕೊಂಡ. ಆಗ ಅವನಿಗೆ 27 ವರ್ಷ. ಅದಕ್ಕೆ ಹತ್ತು ವರ್ಷ ಮುಂಚೆ ಮಗಳು ಜೆಸ್ಸಿಯೂ ಹೋಗಿದ್ದಳು. ಬರ್ಮಿಂಗ್‌ಹ್ಯಾಮ್ ಹತ್ತಿರದ ಹೀತ್‌ಫೀಲ್ಡ್ ಮನೆಯ ಅಟ್ಟದ ಕೋಣೆಯಲ್ಲಿ ವಾಟ್ ಒಬ್ಬರೇ ಕೂತು ಕೆಲಸ ಮಾಡತೊಡಗಿದರು. ಗ್ರೆಗರಿಯ ಶಾಲೆಯ ಬರಹ, ಚಿತ್ರಗಳಿದ್ದ ಟ್ರಂಕ್ ಅದೇ ಕೋಣೆಯಲ್ಲಿತ್ತು. ಇದನ್ನು ಓದಿದಾಗ ನಾನು ಸ್ವಲ್ಪ ಹೊತ್ತು ಪುಸ್ತಕ ಮುಚ್ಚಿಟ್ಟೆ.

ಅಲ್ಲಿ ಅವರು ಮಾಡಿದ್ದು ಶಿಲ್ಪ ನಕಲು ಮಾಡುವ ಎರಡು ಯಂತ್ರ. ಒಂದು ಅಷ್ಟೇ ಗಾತ್ರಕ್ಕೆ, ಇನ್ನೊಂದು ಚಿಕ್ಕದಾಗಿ. ಒಂದು ಕಡ್ಡಿ ಮೂಲ ಮೂರ್ತಿಯ ಉಬ್ಬು ತಗ್ಗುಗಳನ್ನು ಸವರುತ್ತ ಹೋದಂತೆ, ಅದಕ್ಕೆ ಜೋಡಿಸಿದ ಗರಗರ ತಿರುಗುವ ಉಳಿ ಪಕ್ಕದ ತುಂಡಿನಲ್ಲಿ ಅದನ್ನೇ ಕೆತ್ತುತ್ತದೆ. ಅಂಗಡಿಯ ಮಷೀನಿಗೆ ಅಂಕಿ ಹೇಳುವುದನ್ನು ಇಲ್ಲಿ ಕಡ್ಡಿ ಮುಟ್ಟಿ ಹೇಳುತ್ತಿತ್ತು. ಪೇಟೆಂಟಿಗಾಗಿ ಅಷ್ಟು ಹೋರಾಡಿದ ಮನುಷ್ಯ ಇದಕ್ಕೆ ಪೇಟೆಂಟ್ ಪಡೆಯಲೇ ಇಲ್ಲ! ಕೆತ್ತಿದ ಮೂರ್ತಿಗಳನ್ನು ಸ್ನೇಹಿತರಿಗೆ ಹಂಚುತ್ತ, ಎಂಬತ್ತು ದಾಟಿದ ತಮ್ಮನ್ನು ಎಳೆಯ ಕಲಾವಿದನೆಂದು ಹೇಳಿಕೊಂಡು ನಗುತ್ತಿದ್ದರು.

1819ರ ಆಗಸ್ಟ್ 25ರಂದು ವಾಟ್ ತೀರಿಕೊಂಡರು. ಕೋಣೆಯನ್ನು ಮುಚ್ಚಿ ಹೆಚ್ಚು ಮುಟ್ಟದೆ ಬಿಟ್ಟರು. 1924ರಲ್ಲಿ ಅದರ ಸಾಮಾನೆಲ್ಲ ಲಂಡನ್ನಿನ ವಿಜ್ಞಾನ ವಸ್ತುಸಂಗ್ರಹಾಲಯಕ್ಕೆ ಹೋಯಿತು. 2011ರ ಸುಮಾರಿಗೆ ಅದರಲ್ಲಿದ್ದ ಒಂದು ಅಚ್ಚನ್ನು ಲೇಸರಿನಿಂದ ಅಳೆದು ಕಂಪ್ಯೂಟರಿನಲ್ಲಿ ರೂಪ ಕೊಟ್ಟಾಗ ಮೂಡಿದ್ದು ವಾಟ್ ಅವರದೇ ಮುಖ.