ಶಂಕರ್ ನಾಗ್ (1954–1990): ದೂರದರ್ಶನದ ಆರಂಭಿಕ ಧಾರಾವಾಹಿಗಳಿಗೆ ಸಲ್ಲಿಸಿದ ಸೇವೆ

ಕನ್ನಡ ಚಲನಚಿತ್ರ ಹಾಗೂ ರಂಗಭೂಮಿಯ ಖ್ಯಾತ ನಟ, ನಿರ್ದೇಶಕರಾದ ದಿವಂಗತ ಶ್ರೀ ಶಂಕರ್ ನಾಗ್ ಅವರು ದಿನಾಂಕ 9-11-1954ರಂದು ಉತ್ತರ ಕನ್ನಡ ಜಿಲ್ಲೆಯಲ್ಲಿ ಜನಿಸಿದರು. ಮುಂಬಯಿಯ ಮರಾಠಿ ರಂಗಭೂಮಿಯಲ್ಲಿ ಪಳಗಿ, 1978ರ 'ಒಂದಾನೊಂದು ಕಾಲದಲ್ಲಿ' ಚಿತ್ರದ ಮೂಲಕ ಕನ್ನಡಕ್ಕೆ ಬಂದರು. ಈ ಚಿತ್ರದ ಅಭಿನಯಕ್ಕಾಗಿ ಭಾರತದ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿಗೆ ಪಾತ್ರರಾದರು. 'ಆಟೋ ರಾಜ' ಚಿತ್ರದ ನಾಯಕರಾಗಿ ಅವರು ಎಲ್ಲರಿಗೂ ಚಿರಪರಿಚಿತರು. ಆದರೆ ಕಿರುತೆರೆಗೆ ಅವರು ಸಲ್ಲಿಸಿದ ಸೇವೆಯು ಇದಕ್ಕಿಂತ ಕಡಿಮೆ ಮಹತ್ವದ್ದಲ್ಲ.

ದೇಶದಲ್ಲಿ ವರ್ಣ ಪ್ರಸಾರವು 1982ರಲ್ಲಿಯೂ, ಪ್ರಾಯೋಜಿತ ಧಾರಾವಾಹಿಗಳ ಪ್ರಸಾರವು 1984ರ 'ಹಮ್ ಲೋಗ್'ನೊಂದಿಗೂ ಆರಂಭಗೊಂಡವು. ಪ್ರಾಯೋಜಿತ ಪದ್ಧತಿಯಲ್ಲಿ ಕಾರ್ಯಕ್ರಮದ ವೆಚ್ಚವನ್ನು ಜಾಹೀರಾತುದಾರರ ಹಣದಿಂದ ಭರಿಸಬೇಕಾಗಿತ್ತು. ಲೆಕ್ಕಪತ್ರ ಬಲ್ಲವರಿಗೆ ತಿಳಿದಿರುವಂತೆ, ಇಂತಹ ವ್ಯವಸ್ಥೆಯಲ್ಲಿ ಒಂದೇ ಕೊಠಡಿಯೊಳಗೆ ಚಿತ್ರೀಕರಣ ಮುಗಿಸುವುದೇ ಲಾಭದಾಯಕ. ಶ್ರೀ ಟಿ.ಎಸ್. ನರಸಿಂಹನ್ ಅವರ ನಿರ್ಮಾಣದಲ್ಲಿ ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ಆಧರಿಸಿದ 'ಮಾಲ್ಗುಡಿ ಡೇಸ್' ಧಾರಾವಾಹಿಯನ್ನು ನಿರ್ದೇಶಿಸಲು ಒಪ್ಪಿಕೊಂಡ ಶಂಕರ್ ನಾಗ್ ಅವರು ಈ ಸುಲಭ ಮಾರ್ಗವನ್ನು ಹಿಡಿಯಲಿಲ್ಲ. ಎಲ್ಲಿಯೂ ಇಲ್ಲದ ಮಾಲ್ಗುಡಿ ಎಂಬ ಊರನ್ನು ಶಿವಮೊಗ್ಗ ಜಿಲ್ಲೆಯ ಆಗುಂಬೆಯಲ್ಲಿ ಕಂಡುಕೊಂಡರು. ಬಿಡದೆ ಸುರಿಯುವ ಮಳೆಗೆ ಹೆಸರಾದ ಊರು ಅದು. ಚಿತ್ರೀಕರಣಕ್ಕೆ ಅನುಕೂಲಕರ ಸ್ಥಳವೆಂದು ಯಾರೂ ಹೇಳಲಾರರು! ಆದರೂ ಅಲ್ಲಿನ ದೊಡ್ಡಮನೆಯ ಜಗಲಿ, ಹಜಾರ ಹಾಗೂ ಊರಿನ ಬೀದಿಗಳು ಹಳೆಯ ಕಾಲದ ದಕ್ಷಿಣ ಭಾರತದ ಪಟ್ಟಣವೊಂದನ್ನು ನಂಬುವಂತೆ ತೋರಿಸಿದವು. ಅರಸಾಳು ರೈಲು ನಿಲ್ದಾಣವು ಮಾಲ್ಗುಡಿ ನಿಲ್ದಾಣವಾಯಿತು.

ಧಾರಾವಾಹಿಯು ರಾಷ್ಟ್ರೀಯ ಜಾಲದಲ್ಲಿ ಹಿಂದಿಯಲ್ಲಿ ಪ್ರಸಾರವಾಯಿತು. ಆದರೆ ಅದರಲ್ಲಿ ಕನ್ನಡದ ಕಲಾವಿದರೇ ಪ್ರಮುಖರಾಗಿದ್ದುದು ಗಮನಾರ್ಹ. ಬಾಲಕ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅವನ ತಂದೆ ತಾಯಿಯಾಗಿ ಗಿರೀಶ್ ಕಾರ್ನಾಡ್ ಮತ್ತು ವೈಶಾಲಿ ಕಾಸರವಳ್ಳಿ, ಮಿಠಾಯಿ ವ್ಯಾಪಾರಿಯಾಗಿ ಸಹೋದರ ಅನಂತ್ ನಾಗ್ ಅವರು ಅಭಿನಯಿಸಿದರು. ಕಲಾ ನಿರ್ದೇಶನ ಜಾನ್ ದೇವರಾಜ್ ಅವರದು, ಸಂಗೀತ ಎಲ್. ವೈದ್ಯನಾಥನ್ ಅವರದು, ಶೀರ್ಷಿಕೆಯ ರೇಖಾಚಿತ್ರಗಳು ಆರ್.ಕೆ. ಲಕ್ಷ್ಮಣ್ ಅವರವು. ಶಂಕರ್ ನಾಗ್ ಅವರ ನಿರ್ದೇಶನದಲ್ಲಿ ಒಟ್ಟು 39 ಕಂತುಗಳು ತಯಾರಾದವು. ಮುಂಬಯಿ, ದೆಹಲಿಗಳ ಹೊರಗಿದ್ದುಕೊಂಡೂ ಇಡೀ ದೇಶವು ನೋಡುವಂತಹ ಧಾರಾವಾಹಿಯನ್ನು ರೂಪಿಸಬಹುದೆಂಬುದು ಇದರಿಂದ ಸಾಬೀತಾಯಿತು. ಅಂದು ಈ ವಿಷಯದಲ್ಲಿ ಅನೇಕರಿಗೆ ಸಂದೇಹವಿದ್ದಿರಲು ಸಾಕು.

ಇದೇ ಅವಧಿಯಲ್ಲಿ ಅವರು ಚಲನಚಿತ್ರಗಳಲ್ಲಿ ನಿರಂತರವಾಗಿ ನಟಿಸುತ್ತಿದ್ದರು. ಬೆಂಗಳೂರಿನಲ್ಲಿ 'ಸಂಕೇತ್' ಧ್ವನಿಮುದ್ರಣ ಕೇಂದ್ರವನ್ನೂ ಸ್ಥಾಪಿಸಿದ್ದರು.

ದಿನಾಂಕ 30-9-1990ರಂದು, ಆಗ ಚಿತ್ರದುರ್ಗ ಜಿಲ್ಲೆಗೆ ಸೇರಿದ್ದು ಈಗ ದಾವಣಗೆರೆ ಜಿಲ್ಲೆಯಲ್ಲಿರುವ ಆನಗೋಡಿನ ಬಳಿ ಸಂಭವಿಸಿದ ರಸ್ತೆ ಅಪಘಾತದಲ್ಲಿ ಅವರು ನಿಧನರಾದರು. ಆಗ ಅವರ ವಯಸ್ಸು ಕೇವಲ 35. ಮಾಲ್ಗುಡಿಯ ಮುಂದಿನ ಕಂತುಗಳನ್ನು 2006ರಲ್ಲಿ ಕವಿತಾ ಲಂಕೇಶ್ ಅವರು ನಿರ್ದೇಶಿಸಿದರು. ಪತ್ನಿ ಶ್ರೀಮತಿ ಅರುಂಧತಿ ನಾಗ್ ಅವರ ಪರಿಶ್ರಮದಿಂದ 2004ರಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ 'ರಂಗಶಂಕರ' ಆರಂಭವಾಯಿತು. ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವನ್ನು 2020ರಲ್ಲಿ ನವೀಕರಿಸಿ ಮಾಲ್ಗುಡಿ ವಸ್ತುಸಂಗ್ರಹಾಲಯವನ್ನಾಗಿ ಮಾಡಲಾಯಿತು.