ದುಡಿಯುವವರ ಹಾಡಿಗೆ ಕಣ್ಣಾದ ಲೆಸ್ ಬ್ಲ್ಯಾಂಕ್

ಸಿನೆಮಾ ಎಂದೊಡನೆ ನಟನಟಿಯರ ಮುಖಗಳು ಕಣ್ಣೆದುರು ನಿಲ್ಲುವುದು ಲೋಕರೂಢಿ. ಆದರೆ ಅಮೇರಿಕೆಯ ಲೆಸ್ ಬ್ಲ್ಯಾಂಕರ ಕ್ಯಾಮರಾ ತಿರುಗಿದುದು ಸಾಮಾನ್ಯರ ಹಾಡಿನ ಕಡೆಗೆ, ಅವರ ಒಲೆಯ ಕಡೆಗೆ.

1935ರಲ್ಲಿ ಫ್ಲಾರಿಡಾ ಪ್ರಾಂತ್ಯದ ಟ್ಯಾಂಪಾ ನಗರದಲ್ಲಿ ಜನಿಸಿದ ಇವರು ನ್ಯೂ ಆರ್ಲಿಯನ್ಸಿನಲ್ಲಿ ಸಾಹಿತ್ಯವನ್ನೂ, ಅನಂತರ ಲಾಸ್ ಏಂಜಲೀಸಿನಲ್ಲಿ ಚಲಚ್ಚಿತ್ರ ಕಲೆಯನ್ನೂ ಅಭ್ಯಸಿಸಿದರು. ಹೊಟ್ಟೆಪಾಡಿಗಾಗಿ ಕಂಪೆನಿಗಳ ಪ್ರಚಾರಚಿತ್ರಗಳನ್ನು ತೆಗೆಯುತ್ತಿದ್ದವರು 1967ರಲ್ಲಿ ಫ್ಲವರ್ ಫಿಲ್ಮ್ಸ್ ಎಂಬ ಸ್ವಂತ ಸಂಸ್ಥೆಯನ್ನು ಕಟ್ಟಿದರು. ಟೆಕ್ಸಾಸಿನ ಕರಿಯ ಗಾಯಕ ಲೈಟ್ನಿನ್ ಹಾಪ್ಕಿನ್ಸರ ಬ್ಲೂಸ್ ಸಂಗೀತವನ್ನು ಕುರಿತ ಚಿತ್ರವು ಅವರಿಗೆ ಕೀರ್ತಿ ತಂದಿತು.

1976ರ ‘ಚೂಲಾಸ್ ಫ್ರೊಂತೇರಾಸ್’ ನಮ್ಮಂಥವರಿಗೆ ಅತಿ ಸಮೀಪವಾದುದು. ಹೊಲಗೆಲಸವನ್ನರಸಿ ಊರೂರು ಅಲೆಯುತ್ತಿದ್ದ ಮೆಕ್ಸಿಕೋ ಮೂಲದ ಜನರ ಹಾಡುಗಳೂ, ಗಾಯಕಿ ಲಿಡಿಯಾ ಮೆಂಡೋಸಾರ ಕಂಠವೂ, ಫ್ಲಾಕೊ ಹಿಮೆನೆಸರ ಅಕಾರ್ಡಿಯನ್ ವಾದನವೂ ಅದರಲ್ಲಿ ಉಳಿದಿವೆ. ಕೂಲಿಕಾರರ ಬಾಳನ್ನು ತೋರಿಸಿದ ಆ ಚಿತ್ರವನ್ನು 1993ರಲ್ಲಿ ಅಮೇರಿಕೆಯ ರಾಷ್ಟ್ರೀಯ ಚಲಚ್ಚಿತ್ರ ಪಟ್ಟಿಗೆ ಸೇರಿಸಿ ಗೌರವಿಸಲಾಯಿತು.

ಬ್ಲ್ಯಾಂಕರಿಗೆ ಸಂಗೀತವೂ ಪಾಕವೂ ಬೇರೆಯಲ್ಲ. 1980ರಲ್ಲಿ ಬೆಳ್ಳುಳ್ಳಿಯನ್ನೇ ನಾಯಕನನ್ನಾಗಿಸಿ ಒಂದು ಚಿತ್ರ ತೆಗೆದರು. ಅದನ್ನು ತೋರಿಸುವಾಗ ಚಿತ್ರಮಂದಿರದ ಹಿಂಬದಿಯಲ್ಲಿ ಬೆಳ್ಳುಳ್ಳಿಯನ್ನು ಬೇಯಿಸಿ ಪ್ರೇಕ್ಷಕರ ಮೂಗಿಗೆ ಪರಿಮಳ ಮುಟ್ಟಿಸುತ್ತಿದ್ದರಂತೆ! ಅಡಿಗೆಮನೆಯ ಬಂಧುಗಳಿಗೆ ಈ ಯುಕ್ತಿಯ ಮರ್ಮವನ್ನು ವಿವರಿಸಬೇಕಾಗಿಲ್ಲ. ಪೆರು ದೇಶದ ಕಾಡಿನಲ್ಲಿ ಹಡಗನ್ನು ಗುಡ್ಡದ ಮೇಲೆಳೆಸಿದ ನಿರ್ದೇಶಕ ಹೆರ್ಝಾಗರ ಸಾಹಸವನ್ನು 1982ರ ‘ಬರ್ಡನ್ ಆಫ್ ಡ್ರೀಮ್ಸ್’ ಚಿತ್ರದಲ್ಲಿ ದಾಖಲಿಸಿದವರೂ ಇವರೇ.

2013ರ ಏಪ್ರಿಲ್ 7ರಂದು ಅವರು ಬರ್ಕ್ಲಿಯಲ್ಲಿ ಕಾಲವಾದರು. ಅವರು ಚಿತ್ರಿಸಿದ ಗಾಯಕರಲ್ಲಿ ಅನೇಕರೂ ಇಂದಿಲ್ಲ. ಹಾಡು ಮಾತ್ರ ಉಳಿಯಿತು. ಪರಸ್ಥಳದಲ್ಲಿ ದುಡಿಯುವ ನಮ್ಮ ಜನರು ಊರಿನಿಂದ ಹೊತ್ತು ತಂದ ಪಾಡ್ದನ, ಸೋಬಾನೆಗಳನ್ನು ಉಳಿಸುವವರಾರು? ವಾಚಕರು ಯೋಚಿಸಬೇಕು.